ಚಿತ್ರಗಳ ಪಟ್ಟಿ ಬೇಡ, ಆ ಮುಖ ಬೇಕು

ನಮಸ್ಕಾರ.

ಪೀಟರ್ ಲೋರೆ ಕುರಿತು ನೀವು ಕಳುಹಿಸಿದ ಲೇಖನವನ್ನು ಎರಡು ಸಲ ಓದಿದೆ. ಈಗಿನ ರೂಪದಲ್ಲಿ ಅದನ್ನು ಪ್ರಕಟಿಸಲಾರೆ. ಆದರೆ ದಯವಿಟ್ಟು ಈ ನಟನನ್ನು ಕೈಬಿಡಬೇಡಿ.

ಹನ್ನೊಂದು ಪುಟಗಳ ತುಂಬ ಚಿತ್ರಗಳ ಹೆಸರು, ಇಸವಿ, ಪಕ್ಕದಲ್ಲಿ ‘ಅಮೋಘ ಅಭಿನಯ’. ಅವನು ಮಾಡಿದ್ದೇನು ಎಂಬುದು ಎಲ್ಲಿಯೂ ಇಲ್ಲ. 1931ರ ‘ಎಮ್’ ಬಗ್ಗೆ ಕೊಟ್ಟಿರುವ ಒಂದೇ ವಿವರವೂ ತಪ್ಪಾಗಿದೆ. ಮಕ್ಕಳನ್ನು ಕೊಲ್ಲುವ ಆ ಪಾತ್ರದ ಶಿಳ್ಳೆ ಲೋರೆಯದಲ್ಲ. ಅವನಿಗೆ ಶಿಳ್ಳೆ ಹಾಕಲು ಬರುತ್ತಿರಲಿಲ್ಲ. ಹಾಕಿದವನು ನಿರ್ದೇಶಕ ಫ್ರಿಟ್ಸ್ ಲಾಂಗ್.

ಅದೇ ಚಿತ್ರದ ಕೊನೆಯ ವಿಚಾರಣೆಯನ್ನು ಮತ್ತೆ ನೋಡಿ. ಪಾಳು ಕಟ್ಟಡದಲ್ಲಿ ಕಳ್ಳರೇ ನ್ಯಾಯಾಧೀಶರು. ಲೋರೆ ಮೊಣಕಾಲೂರಿ, ಕಣ್ಣು ಹೊರಚೆಲ್ಲಿ, ಬೆರಳುಗಳನ್ನು ಮಡಚಿ, ತನ್ನೊಳಗಿನ ಪಿಶಾಚಿಯ ಬಗ್ಗೆ ಚೀರುತ್ತಾನೆ, ಮರುಕ್ಷಣವೇ ಪಿಸುಗುಟ್ಟುತ್ತಾನೆ. ಕೇಳುತ್ತ ಕುಳಿತವರಲ್ಲಿ ಒಬ್ಬಿಬ್ಬರು ತಮಗೆ ಅರಿವಿಲ್ಲದೆ ತಲೆಯಾಡಿಸುತ್ತಾರೆ. ಅವರು ತಲೆಯಾಡಿಸುವಂತೆ ಮಾಡಿದ್ದು ಏನು? ಇದಕ್ಕೇ ಎರಡು ಪುಟ ಕೊಡಿ.

‘ನಂತರ ಹಾಲಿವುಡ್‌ಗೆ ಹೋದನು’ ಎಂಬ ನಿಮ್ಮ ಸಾಲು ನನ್ನನ್ನು ನಿಜಕ್ಕೂ ನೋಯಿಸಿತು. ಅವನು ಯಹೂದಿ. 1933ರಲ್ಲಿ ನಾಜಿಗಳಿಂದ ತಪ್ಪಿಸಿಕೊಂಡು ಜರ್ಮನಿ ಬಿಟ್ಟ. ಲಂಡನ್ನಿನಲ್ಲಿ ನಿರ್ದೇಶಕ ಹಿಚ್‌ಕಾಕ್‌ನ ಚಿತ್ರಕ್ಕೆ ಇಂಗ್ಲಿಷ್ ಸರಿಯಾಗಿ ಬಾರದೆಯೇ ಸಂಭಾಷಣೆಯನ್ನು ಬಾಯಿಪಾಠ ಮಾಡಿದ. 1940ರಲ್ಲಿ ನಾಜಿಗಳು ಯಹೂದಿ ದ್ವೇಷದ ಪ್ರಚಾರಚಿತ್ರವೊಂದರಲ್ಲಿ ಅದೇ ವಿಚಾರಣೆಯ ದೃಶ್ಯವನ್ನು ಬಳಸಿಕೊಂಡರು. ನಟನೊಬ್ಬನ ಅತ್ಯುತ್ತಮ ಅಭಿನಯವನ್ನೇ ಅವನ ಜನರ ವಿರುದ್ಧ ಸಾಕ್ಷಿಯಾಗಿ ನಿಲ್ಲಿಸಿದರು! ಇದನ್ನು ಬಿಟ್ಟು ಅವನ ವೃತ್ತಿಜೀವನವನ್ನು ಹೇಗೆ ಬರೆಯುತ್ತೀರಿ?

1937ರಿಂದ 1939ರವರೆಗೆ ಜಪಾನಿ ಪತ್ತೇದಾರನಾಗಿ ನಟಿಸಿದ ಎಂಟು ಚಿತ್ರಗಳಿಗೆ ಒಂದು ವಾಕ್ಯ ಸಾಕು. ‘ಕಾಸಾಬ್ಲಾಂಕಾ’ ಚಿತ್ರದಲ್ಲಿ ನಿಲ್ಲಿ. ದೇಶಬಿಟ್ಟು ಬಂದವನೇ ಅಲ್ಲಿ ನಿರಾಶ್ರಿತರಿಗೆ ಪ್ರಯಾಣದ ಕಾಗದಪತ್ರ ಮಾರುವವನಾಗಿದ್ದಾನೆ. ಕೆಲವೇ ನಿಮಿಷಗಳ ಪಾತ್ರ, ಆದರೂ ಮನಸ್ಸಿನಿಂದ ಹೋಗುವುದಿಲ್ಲ. ಪೋಷಕ ನಟನ ಶಕ್ತಿಯನ್ನು ತೋರಿಸಲು ಇದಕ್ಕಿಂತ ಒಳ್ಳೆಯ ಸ್ಥಳ ಸಿಗದು.

ಯುದ್ಧ ಮುಗಿದ ಮೇಲೆ ಅವನು ಜರ್ಮನಿಗೆ ಮರಳಿ, 1951ರಲ್ಲಿ ತನ್ನ ಏಕೈಕ ಚಿತ್ರವನ್ನು ನಿರ್ದೇಶಿಸಿದ. ನಾಜಿ ಕಾಲದಲ್ಲಿ ಕೊಲೆಗಾರನಾದ ವಿಜ್ಞಾನಿಯ ಪಾತ್ರವನ್ನು ತಾನೇ ವಹಿಸಿದ. ಅಲ್ಲಿನ ಪ್ರೇಕ್ಷಕರು ಅದನ್ನು ಒಪ್ಪಲಿಲ್ಲ. ನಿಮ್ಮ ಪಟ್ಟಿಯಲ್ಲಿ ಇಲ್ಲದಿರುವುದು ಆ ಚಿತ್ರವೇ. ಮೊದಲು ಅದನ್ನು ನೋಡಿ, ಆಮೇಲೆ ಬರೆಯಲು ಕುಳಿತುಕೊಳ್ಳಿ.

ಆರು ಪುಟ ಮೀರಬೇಡಿ. ಹುಟ್ಟೂರಿನ ಸಾಲನ್ನೂ ತಿದ್ದಿ: 1904ರಲ್ಲಿ ಅದು ಆಸ್ಟ್ರಿಯಾ-ಹಂಗೇರಿಗೆ ಸೇರಿತ್ತು, ಈಗ ಸ್ಲೊವಾಕಿಯಾದಲ್ಲಿದೆ. ಹೊಸ ಪ್ರತಿಗಾಗಿ ಕಾಯುತ್ತಿರುತ್ತೇನೆ.

ಸಂಪಾದಕ