‘ತಿಳೀತ್ರೀ ಸರ್’ ಅಂದರೆ ತಿಳಿದಿದೆ ಅಂತಲ್ಲ

ಕಾಲೇಜು ಕಲಿಕೆ: ಓದುಗರ ಪ್ರಶ್ನೆ, ನಮ್ಮ ಉತ್ತರ

ಈ ಸಲ ಆಯ್ದುಕೊಂಡ ಪತ್ರಗಳೆಲ್ಲ ಬಳ್ಳಾರಿ, ರಾಯಚೂರು, ಕೊಪ್ಪಳ ಜಿಲ್ಲೆಗಳವು. ಬರೆದವರ ಹೆಸರು, ಕಾಲೇಜಿನ ಹೆಸರು ಬಿಟ್ಟಿದ್ದೇವೆ.

ಪ್ರಶ್ನೆ: ಬಿ.ಎಸ್ಸಿ. ಮೊದಲ ವರ್ಷಕ್ಕೆ ಭೌತಶಾಸ್ತ್ರ ಹೇಳುತ್ತೇನೆ. ಕ್ಲಾಸಿನಲ್ಲಿ 85 ಮಂದಿ. ‘ತಿಳೀತೇನ್ರಪಾ?’ ಅಂದರೆ ಎಲ್ಲರೂ ‘ತಿಳೀತ್ರೀ ಸರ್’ ಅನ್ನುತ್ತಾರೆ. ಟೆಸ್ಟ್ ಕೊಟ್ಟರೆ ಬಣ್ಣ ಬಯಲು. ಇಷ್ಟು ಜನರನ್ನು ಒಬ್ಬೊಬ್ಬರಾಗಿ ಕೇಳುವುದು ಹೇಗೆ? (ಅತಿಥಿ ಉಪನ್ಯಾಸಕರು, ಸಿಂಧನೂರು)

ಆ ಪ್ರಶ್ನೆಯನ್ನೇ ಕೈಬಿಡಿ. ‘ಇಲ್ಲ ಸರ್’ ಅಂದವನು 84 ಜನರ ಮುಂದೆ ದಡ್ಡನಾಗುತ್ತಾನೆ, ಹಾಗಾಗಿ ಯಾರೂ ಅನ್ನುವುದಿಲ್ಲ. ಎಲ್ಲರೂ ಒಟ್ಟಿಗೆ, ಮಾತಿಲ್ಲದೆ ಉತ್ತರ ತೋರಿಸುವಂಥ ಪ್ರಶ್ನೆ ಹಾಕಿ. ಹಾರ್ವರ್ಡ್‌ನ ಭೌತಶಾಸ್ತ್ರ ಪ್ರಾಧ್ಯಾಪಕ ಎರಿಕ್ ಮಜೂರ್ 1991ರಿಂದ ಬಳಸಿ ಬೆಳೆಸಿದ ಪದ್ಧತಿ ಇದು. ಅವರಲ್ಲಿ ಆಮೇಲೆ ರಿಮೋಟಿನಂಥ ಕ್ಲಿಕ್ಕರ್ ಬಂದವು, ನಿಮಗೆ ಕೈಬೆರಳು ಸಾಕು.

12ರಿಂದ 15 ನಿಮಿಷ ಪಾಠ ಹೇಳಿ ನಿಲ್ಲಿಸಿ. ನಾಲ್ಕು ಆಯ್ಕೆ ಇರುವ ಒಂದು ಪ್ರಶ್ನೆಯನ್ನು ಬೋರ್ಡ್ ಮೇಲೆ ಬರೆಯಿರಿ. ದ್ರವದ ಒತ್ತಡದ ಪಾಠಕ್ಕೆ ಇಂಥದ್ದು ಆಗುತ್ತದೆ: ‘ತುಂಗಭದ್ರಾ ಜಲಾಶಯದ ಹಿಂತುದಿಯಲ್ಲಿ ಹೂಳು ತುಂಬಿ ಹಿನ್ನೀರಿನ ಉದ್ದ ಅರ್ಧಕ್ಕೆ ಇಳಿಯಿತು ಎಂದುಕೊಳ್ಳಿ. ಅಣೆಕಟ್ಟೆಗೆ ತಾಗಿದ ನೀರಿನ ಆಳ ಮೊದಲಿನಷ್ಟೇ ಇದೆ. ಗೋಡೆಯ ಬುಡದಲ್ಲಿ ನೀರಿನ ಒತ್ತಡ ಏನಾಗುತ್ತದೆ? 1. ಅರ್ಧವಾಗುತ್ತದೆ 2. ಸ್ವಲ್ಪ ಇಳಿಯುತ್ತದೆ 3. ಅಷ್ಟೇ ಇರುತ್ತದೆ 4. ಹೆಚ್ಚುತ್ತದೆ.’

ಸರಿಯುತ್ತರ 3. ಒತ್ತಡ ಎಂದರೆ ಆಳ, ಸಾಂದ್ರತೆ, ಗುರುತ್ವ ಮೂರರ ಗುಣಲಬ್ಧ ಎಂದು ಬಾಯಿಪಾಠ ಒಪ್ಪಿಸುವ ಹುಡುಗನೂ ಇಲ್ಲಿ 1 ಅಥವಾ 2ಕ್ಕೆ ಬೀಳಬಹುದು. ‘ಹಿಂದೆ ಅಷ್ಟೊಂದು ನೀರು ನಿಂತು ತಳ್ಳುತ್ತಲ್ಲ’ ಎಂಬ ಎಣಿಕೆ ಸೂತ್ರಕ್ಕಿಂತ ಗಟ್ಟಿಯಾಗಿ ಕೂತಿರುತ್ತದೆ. ಆ ಸೂತ್ರದಲ್ಲಿ ಉದ್ದಕ್ಕೆ ಜಾಗವೇ ಇಲ್ಲ ಎಂಬುದು ಅವನ ಕಣ್ಣಿಗೆ ಬೀಳಬೇಕು, ಅಷ್ಟೇ.

ಪ್ರಶ್ನೆ ಓದಿಸಿ ಎರಡು ನಿಮಿಷ ಸುಮ್ಮನಿರಿ. ಪ್ರತಿಯೊಬ್ಬರೂ ತಮ್ಮ ಉತ್ತರವನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳಲಿ. ಆಮೇಲೆ ‘ಒಂದು, ಎರಡು, ಮೂರು’ ಅಂದಾಗ ಎಲ್ಲರೂ ಒಟ್ಟಿಗೆ ಕೈಯನ್ನು ಎದೆಗೆ ಒತ್ತಿಕೊಂಡು ಅಷ್ಟು ಬೆರಳು ತೋರಿಸಬೇಕು. ಕೈ ಮೇಲೆತ್ತಿಸಬೇಡಿ, ಹಿಂದಿನವರು ನೋಡಿ ಬದಲಿಸುತ್ತಾರೆ. ತಲೆ ಎಣಿಸುವುದು ಬೇಡ, ಅಂದಾಜು ಸಾಕು. ಸರಿಯುತ್ತರ ಶೇ. 30ಕ್ಕಿಂತ ಕಡಿಮೆ ಇದ್ದರೆ ಚರ್ಚೆಗೆ ಬಿಡಬೇಡಿ, ಗೊತ್ತಿಲ್ಲದವರು ಗೊತ್ತಿಲ್ಲದವರಿಗೆ ಹೇಳಿದಂತಾಗುತ್ತದೆ. ಪಾಠವನ್ನೇ ಬೇರೆ ದಾರಿಯಲ್ಲಿ ಮತ್ತೊಮ್ಮೆ ಹೇಳಿ. ಶೇ. 70 ದಾಟಿದ್ದರೆ ಒಂದು ಮಾತು ಹೇಳಿ ಮುಂದೆ ಹೋಗಿ. ನಡುವೆ ಇದ್ದರೆ ಹಬ್ಬ: ‘ಬೇರೆ ಉತ್ತರ ಕೊಟ್ಟ ಪಕ್ಕದವರನ್ನು ಒಪ್ಪಿಸಿ’ ಎಂದು ಮೂರು ನಿಮಿಷ ಬಿಡಿ. ಮತ್ತೆ ಬೆರಳು ತೋರಿಸಲಿ. ಕೊನೆಗೆ ತಪ್ಪು ಆಯ್ಕೆಗಳು ಯಾಕೆ ತಪ್ಪು ಎಂಬುದನ್ನೂ ಹೇಳಿ. ಒಂದು ಪ್ರಶ್ನೆಗೆ ಎಂಟರಿಂದ ಹತ್ತು ನಿಮಿಷ ಹಿಡಿಯುತ್ತದೆ. 55 ನಿಮಿಷದ ಪೀರಿಯಡ್‌ಗೆ ಎರಡಕ್ಕಿಂತ ಹೆಚ್ಚು ಹಾಕಬೇಡಿ.

ಇದು ಕೆಡುವುದು ಸಾಮಾನ್ಯವಾಗಿ ಇಲ್ಲಿ. ಮೊದಲ ಸುತ್ತಿನಲ್ಲಿ ಯಾವುದಕ್ಕೆ ಎಷ್ಟು ಬಂತು ಎಂದು ಮೇಷ್ಟ್ರು ಬಾಯಿಬಿಟ್ಟರೆ ಚರ್ಚೆ ಸತ್ತಂತೆ, ಎಲ್ಲರೂ ಬಹುಮತದ ಕಡೆ ಜಾರುತ್ತಾರೆ. ಸರಿಯುತ್ತರ ಓದುವಾಗ ನಿಮ್ಮ ದನಿ ಬದಲಾದರೂ ಸಾಕು, ಹುಡುಗರು ಹಿಡಿದುಬಿಡುತ್ತಾರೆ. ಬರೆದುಕೊಳ್ಳುವ ಎರಡು ನಿಮಿಷವನ್ನು ಹಾರಿಸಿದರೆ ಯೋಚಿಸುವವರು ಮುಂದಿನ ಎರಡು ಬೆಂಚಿನವರು ಮಾತ್ರ. ಹೆಣ್ಣುಮಕ್ಕಳು ಒಂದು ಕಡೆ, ಗಂಡುಮಕ್ಕಳು ಒಂದು ಕಡೆ, ನೆಲಕ್ಕೆ ಬಿಗಿದ ಬೆಂಚು ಇದ್ದರೆ ಬೆಸ ಸಾಲಿನವರು ಹಿಂದಕ್ಕೆ ತಿರುಗಿ ಕೂರಲಿ, ನಾಲ್ಕೈದು ಜನರ ಗುಂಪು ತಾನಾಗಿಯೇ ಆಗುತ್ತದೆ.

ತಪ್ಪು ಆಯ್ಕೆಗಳನ್ನು ನೀವೇ ಕಲ್ಪಿಸಿಕೊಳ್ಳಬೇಡಿ. ಹೋದ ವರ್ಷದ ಉತ್ತರಪತ್ರಿಕೆಗಳಿಂದ ಹೆಕ್ಕಿ. ಹುಡುಗರು ನಿಜವಾಗಿ ಮಾಡುವ ತಪ್ಪಿನಷ್ಟು ಒಳ್ಳೆಯ ಆಯ್ಕೆ ಯಾರಿಗೂ ಹೊಳೆಯುವುದಿಲ್ಲ.

‘ಸಿಲೆಬಸ್ ಮುಗಿಯೋದು ಹೆಂಗೆ?’ ಎಂದು ಕೇಳುತ್ತೀರಿ. ನೋಟ್ಸ್ ಡಿಕ್ಟೇಟ್ ಮಾಡುವುದನ್ನು ನಿಲ್ಲಿಸಿ ನೋಡಿ. ಆ ನೋಟ್ಸ್ ವಾಟ್ಸ್ಆ್ಯಪ್ ಗುಂಪಿಗೆ ಹೋಗಲಿ, ಇಲ್ಲ ಝೆರಾಕ್ಸ್ ಅಂಗಡಿಯಲ್ಲಿ ಇಡಿ.

ಪ್ರಶ್ನೆ: ಪಿಯುಸಿವರೆಗೆ ಕನ್ನಡ ಮಾಧ್ಯಮ, ಈಗ ಬಿ.ಕಾಂ. ಇಂಗ್ಲಿಷಿನಲ್ಲಿ. ಒಂದು ಪಾಠ ಐದು ಸಲ ಓದುತ್ತೇನೆ. ಓದುವಾಗ ಎಲ್ಲ ಗೊತ್ತಿದೆ ಅನ್ನಿಸುತ್ತದೆ, ಪರೀಕ್ಷೆ ಹಾಲಿನಲ್ಲಿ ಖಾಲಿ. (ವಿದ್ಯಾರ್ಥಿನಿ, ಕೊಪ್ಪಳ)

ಐದನೇ ಸಲ ಓದುವಾಗ ಸಾಲುಗಳು ಪರಿಚಯದವು. ಪರಿಚಯವನ್ನು ಮನಸ್ಸು ತಿಳಿವಳಿಕೆ ಎಂದುಕೊಳ್ಳುತ್ತದೆ. ದಾರಿಯಲ್ಲಿ ಕಂಡ ಮುಖ ಗುರುತು ಹತ್ತುವುದು ಬೇರೆ, ಹೆಸರು ನೆನಪಾಗುವುದು ಬೇರೆ. ಪರೀಕ್ಷೆ ಕೇಳುವುದು ಎರಡನೆಯದನ್ನು.

2006ರಲ್ಲಿ ಅಮೆರಿಕದ ಮನಶ್ಶಾಸ್ತ್ರಜ್ಞರಾದ ರೋಡಿಗರ್ ಮತ್ತು ಕಾರ್ಪಿಕೆ ಇದನ್ನು ಅಳೆದರು. ಕೆಲವರು ಗದ್ಯಭಾಗವನ್ನು ಎರಡು ಸಲ ಓದಿದರು. ಉಳಿದವರು ಒಂದು ಸಲ ಓದಿ, ಎರಡನೇ ಸಲದ ಬದಲು ಪುಟ ಮುಚ್ಚಿ ನೆನಪಿದ್ದಷ್ಟು ಬರೆದರು. ಐದು ನಿಮಿಷದ ನಂತರ ಕೇಳಿದಾಗ ಎರಡು ಸಲ ಓದಿದವರೇ ಮುಂದೆ: ಶೇ. 81, ಬರೆದವರಿಗೆ ಶೇ. 75. ಒಂದು ವಾರ ಬಿಟ್ಟು ಕೇಳಿದರೆ ತಿರುಗುಮುರುಗು: ಬರೆದವರಿಗೆ ಶೇ. 56, ಓದಿದವರಿಗೆ ಶೇ. 42. ಹಿಂದಿನ ರಾತ್ರಿಯ ಓದು ಬೆಳಗಿನ ಟೆಸ್ಟಿಗೆ ಆಗಿಬಂದಂತೆ ಕಂಡು ಸೆಮಿಸ್ಟರ್ ಕೊನೆಯಲ್ಲಿ ಕೈಕೊಡುವುದು ಇದಕ್ಕೇ.

ನೀವು ಹೀಗೆ ಮಾಡಿ. 20 ನಿಮಿಷ ಒಂದು ಭಾಗ ಓದಿ. ಪುಸ್ತಕ ಮುಚ್ಚಿ, ಬಿಳಿ ಹಾಳೆ ತೆಗೆದುಕೊಂಡು 10 ನಿಮಿಷ ನೆನಪಿದ್ದಷ್ಟು ಬರೆಯಿರಿ. ಕನ್ನಡ, ಇಂಗ್ಲಿಷ್ ಬೆರಕೆಯಾದರೂ ನಡೆಯುತ್ತದೆ. ಪುಸ್ತಕ ತೆರೆದು ಬಿಟ್ಟದ್ದನ್ನು, ತಪ್ಪಿದ್ದನ್ನು ಕೆಂಪು ಪೆನ್ನಿನಲ್ಲಿ ತುಂಬಿ. ಮಾರನೇ ದಿನ ಆ ಕೆಂಪು ಭಾಗವನ್ನಷ್ಟೇ ಮತ್ತೆ ನೋಡದೆ ಬರೆಯಿರಿ. ಆಮೇಲೆ ಮೂರನೇ ದಿನ, ಏಳನೇ ದಿನ, ಎರಡು ವಾರಕ್ಕೊಮ್ಮೆ. ಮೊದಲ ವಾರ ಹಾಳೆ ತುಂಬ ಕೆಂಪೇ ಇರುತ್ತದೆ. ಬೇಜಾರಾಗಿ ಪುಸ್ತಕಕ್ಕೆ ಕೈ ಹಾಕಬೇಡಿ, ಕನಿಷ್ಠ ಒಂದು ನಿಮಿಷ ತಿಣುಕಿ. ಕಲಿಕೆ ಆಗುವುದು ಆ ತಿಣುಕಾಟದಲ್ಲೇ. ಗೈಡಿನ ಉತ್ತರವನ್ನು ನೋಡಿಕೊಂಡು ನಕಲು ಇಳಿಸುವುದು ಬರವಣಿಗೆ ಅಭ್ಯಾಸವಷ್ಟೇ, ನೆನಪಿಗೆ ಅದರಿಂದ ಲಾಭ ಕಡಿಮೆ.

ಇನ್ನು ಭಾಷೆ. ಡಿಕ್ಷನರಿ ನೋಡಿ ಅರ್ಥ ಬರೆದಿಟ್ಟರೆ ಸಾಲದು. ನೋಟ್‌ಬುಕ್ಕಿನ ಪುಟವನ್ನು ನಾಲ್ಕು ಅಂಕಣ ಮಾಡಿ: ಇಂಗ್ಲಿಷ್ ಪದ, ನಿಮ್ಮ ಮಾತಿನಲ್ಲಿ ಅರ್ಥ, ಊರಿನದೊಂದು ಲೆಕ್ಕ, ಆ ಪದ ಇರುವ ಒಂದು ಇಂಗ್ಲಿಷ್ ವಾಕ್ಯ. ‘ಡಿಪ್ರಿಸಿಯೇಷನ್’ ತೆಗೆದುಕೊಳ್ಳಿ, ಕನ್ನಡದಲ್ಲಿ ಸವಕಳಿ. ಗಂಗಾವತಿಯ ಅಕ್ಕಿ ಗಿರಣಿಗೆ 5,00,000 ರೂಪಾಯಿಯ ಯಂತ್ರ ಬಂತು. ಹತ್ತು ವರ್ಷ ಬಾಳಿಕೆ, ಕೊನೆಗೆ ಗುಜರಿಗೆ 50,000. ಉಳಿದ 4,50,000ವನ್ನು ಹತ್ತು ವರ್ಷಕ್ಕೆ ಹಂಚಿದರೆ ವರ್ಷಕ್ಕೆ 45,000: ಇದು ಸ್ಟ್ರೇಟ್ ಲೈನ್ ಪದ್ಧತಿ. ರಿಟನ್ ಡೌನ್ ಪದ್ಧತಿಯಲ್ಲಿ ಶೇ. 10 ಹಿಡಿದರೆ ಮೊದಲ ವರ್ಷ 50,000, ಎರಡನೇ ವರ್ಷ ಉಳಿದ 4,50,000ದ ಮೇಲೆ 45,000, ಮೂರನೇ ವರ್ಷ 40,500. ಇಳಿಯುತ್ತಾ ಹೋಗುತ್ತದೆ.

ಇಲ್ಲೇ ಒಂದು ಬಲೆ ಇದೆ. ಸವಕಳಿ ಎಂದರೆ ಪ್ರತಿ ವರ್ಷ ಎತ್ತಿಡುವ ದುಡ್ಡು ಎಂದು ಬರೆಯುವವರಿದ್ದಾರೆ. ಗಿರಣಿಯವನ ಗಲ್ಲಾಪೆಟ್ಟಿಗೆಯಿಂದ ಆ ವರ್ಷ ಒಂದು ರೂಪಾಯಿಯೂ ಹೊರಗೆ ಹೋಗಿಲ್ಲ. ಯಂತ್ರ ಕೊಂಡ ದಿನವೇ ಹೋಗಿದೆ. ಆ ಖರ್ಚನ್ನು ವರ್ಷಗಳಿಗೆ ಹಂಚಿ ಪುಸ್ತಕದಲ್ಲಿ ತೋರಿಸುತ್ತಾರೆ. ಇದನ್ನು ಕನ್ನಡದಲ್ಲಿ ಅಜ್ಜಿಗೆ ಹೇಳುವಂತೆ ಹೇಳಲು ಬಂದರೆ ಇಂಗ್ಲಿಷ್ ವಾಕ್ಯಕ್ಕೆ ಒಂದು ವಾರ ಸಾಕು. ದಿನಕ್ಕೆ ಐದು ಪದ ಮೀರಬೇಡಿ.

ಪ್ರಶ್ನೆ: ಇಂಟರ್ನಲ್‌ನಲ್ಲಿ 20ಕ್ಕೆ 18 ತೆಗೆದವರೇ ಸೆಮಿಸ್ಟರ್ ಪರೀಕ್ಷೆಯಲ್ಲಿ ನಪಾಸು. ನಮ್ಮ ಪ್ರಶ್ನೆಪತ್ರಿಕೆ ಸರಿ ಇಲ್ಲವೇ? (ಉಪನ್ಯಾಸಕಿ, ರಾಯಚೂರು)

ಟೆಸ್ಟಿಗೆ ಮುಂಚೆ ‘ಇಂಪಾರ್ಟೆಂಟ್’ ಎಂದು ಎಂಟು ಪ್ರಶ್ನೆ ಕೊಟ್ಟು, ಅದರಲ್ಲೇ ಐದು ಕೇಳಿದ್ದರೆ ಪತ್ರಿಕೆಯನ್ನು ಪರೀಕ್ಷಿಸುವುದೇ ಬೇಡ, ರೋಗ ಸಿಕ್ಕಿತು. ಹಾಗಿಲ್ಲದಿದ್ದರೆ ಬಹುಆಯ್ಕೆ ಪ್ರಶ್ನೆಗಳನ್ನು ಹೀಗೆ ತೂಗಿ.

40 ಉತ್ತರಪತ್ರಿಕೆಗಳನ್ನು ಒಟ್ಟು ಅಂಕದ ಪ್ರಕಾರ ಜೋಡಿಸಿ. ಮೇಲಿನ ಶೇ. 27, ಕೆಳಗಿನ ಶೇ. 27 ತೆಗೆಯಿರಿ, ಅಂದರೆ ಮೇಲಿನ 11, ಕೆಳಗಿನ 11. ಒಂದು ಪ್ರಶ್ನೆಗೆ ಮೇಲಿನವರಲ್ಲಿ 9, ಕೆಳಗಿನವರಲ್ಲಿ 3 ಮಂದಿ ಸರಿ ಬರೆದಿದ್ದಾರೆ ಎನ್ನಿ. 22ರಲ್ಲಿ 12 ಸರಿ, ಅಂದರೆ 0.55: ಪ್ರಶ್ನೆ ತೀರ ಸುಲಭವೂ ಅಲ್ಲ, ಕಷ್ಟವೂ ಅಲ್ಲ. ವ್ಯತ್ಯಾಸ 6, ಅದನ್ನು 11ರಿಂದ ಭಾಗಿಸಿದರೆ ಮತ್ತೆ 0.55: ಓದಿದವರನ್ನೂ ಓದದವರನ್ನೂ ಚೆನ್ನಾಗಿ ಬೇರ್ಪಡಿಸುತ್ತಿದೆ. ಈ ಎರಡನೇ ಸಂಖ್ಯೆ 0.2ಕ್ಕಿಂತ ಕೆಳಗಿದ್ದರೆ ಪ್ರಶ್ನೆ ತಿದ್ದಿ. ಋಣಾತ್ಮಕ ಬಂದರೆ, ಅಂದರೆ ಜಾಣರೇ ತಪ್ಪಿ ಹಿಂದಿನವರು ಸರಿ ಬರೆದಿದ್ದರೆ, ಮೊದಲು ಕೀ ಉತ್ತರ ನೋಡಿ. ಎಷ್ಟೋ ಸಲ ಅದೇ ತಪ್ಪಾಗಿರುತ್ತದೆ. ಇಲ್ಲವಾದರೆ ಎರಡು ಆಯ್ಕೆ ಸರಿ ಎನ್ನಿಸುವಂತಿರುತ್ತದೆ.

ವಿವರಣಾತ್ಮಕ ಪ್ರಶ್ನೆಯಲ್ಲಿ ನೋಡಬೇಕಾದ್ದು ಬೇರೆ. ನಿಮ್ಮ ಜಿಲ್ಲೆಯದೇ ಉದಾಹರಣೆ. ‘ಮಸ್ಕಿ ಶಾಸನ ಯಾವಾಗ ಸಿಕ್ಕಿತು?’ ಎಂದರೆ 1915 ಎಂದು ಬರೆದು ಅಂಕ ತೆಗೆದುಕೊಂಡು ಹೋಗುತ್ತಾರೆ. ಅದರ ಬದಲು: ‘ಕೊಪ್ಪಳದ ಗವಿಮಠದ ಶಾಸನದಲ್ಲಿ ಅಶೋಕ ಎಂಬ ಹೆಸರೇ ಇಲ್ಲ, ದೇವಾನಂಪ್ರಿಯ ಎಂಬ ಬಿರುದಿದೆ. ಆದರೂ ಅದು ಅಶೋಕನದೇ ಎನ್ನಲು ಮಸ್ಕಿ ಹೇಗೆ ನೆರವಾಗುತ್ತದೆ?’ ಮಸ್ಕಿಯಲ್ಲಿ ಬಿರುದು, ಹೆಸರು ಎರಡೂ ಒಟ್ಟಿಗಿವೆ ಎಂಬುದು ಗೊತ್ತಿದ್ದರೆ ಸಾಲದು, ಅದರಿಂದ ಮುಂದಿನ ಮಾತನ್ನು ಕಟ್ಟಬೇಕು. ಅದೇ ಪಾಠ, ಅದೇ ಐದು ಅಂಕ. 20 ಅಂಕದ ಟೆಸ್ಟಿನಲ್ಲಿ ಕನಿಷ್ಠ 8 ಅಂಕ ಇಂಥ ಪ್ರಶ್ನೆಗಿರಲಿ. ಮೊದಲ ಸಲ ಅಂಕ ಇಳಿಯುತ್ತವೆ, ಪ್ರಿನ್ಸಿಪಾಲರಿಗೆ ಮೊದಲೇ ಹೇಳಿಡಿ.

ಪ್ರಶ್ನೆ: 120 ಅಸೈನ್‌ಮೆಂಟ್‌ಗಳಿಗೆ ಷರಾ ಬರೆಯಲು ಸಮಯವೆಲ್ಲಿ? ಬರೆದರೂ ಅಂಕ ನೋಡಿ ಮಡಚಿಡುತ್ತಾರೆ. (ಹೊಸಪೇಟೆ ರಸ್ತೆ, ಬಳ್ಳಾರಿ)

ಅಂಕವನ್ನು ಎರಡು ದಿನ ತಡಮಾಡಿ. ರೂತ್ ಬಟ್ಲರ್ 1988ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಷರಾ ಮಾತ್ರ ಪಡೆದ ಮಕ್ಕಳು ಸುಧಾರಿಸಿದರು, ಷರಾದ ಜೊತೆ ಅಂಕವನ್ನೂ ಪಡೆದವರಿಗೆ ಆ ಲಾಭ ಸಿಗಲಿಲ್ಲ. ಅವರು ಶಾಲಾ ಮಕ್ಕಳು, ಆದರೂ ಮಡಚಿಡುವ ಕೈ ಯಾವ ವಯಸ್ಸಿನದಾದರೂ ಒಂದೇ. ಮೊದಲ 20 ಓದಿದಾಗಲೇ ಆರೇಳು ತಪ್ಪು ಮರುಕಳಿಸುವುದು ಕಾಣುತ್ತದೆ. ಅವಕ್ಕೆ ಕ, ಖ, ಗ ಎಂದು ಗುರುತು ಕೊಟ್ಟು, ಉಳಿದವಕ್ಕೆ ಅಂಚಿನಲ್ಲಿ ಅಕ್ಷರ ಮಾತ್ರ ಹಾಕಿ. ಅಕ್ಷರಗಳ ವಿವರ ಬೋರ್ಡ್ ಮೇಲೆ ಬರಲಿ. ಹುಡುಗರು ಒಂದು ತಪ್ಪನ್ನಾದರೂ ತಿದ್ದಿ ಬರೆದು ತಂದ ಮೇಲೆ ಅಂಕ ಹೇಳಿ.

ಪ್ರಶ್ನೆ: ಗುಂಪು ಚರ್ಚೆ, ಪ್ರಶ್ನೆ ಎಲ್ಲ ಶುರು ಮಾಡಿದೆ. ‘ಮೇಡಂ ಪಾಠಾನೇ ಮಾಡಲ್ಲ, ನಮ್ಮ ಕೈಲೇ ಮಾಡಿಸ್ತಾರೆ’ ಎಂದು ಫೀಡ್‌ಬ್ಯಾಕಿನಲ್ಲಿ ಬರೆದಿದ್ದಾರೆ. ಹಳೆಯ ದಾರಿಗೇ ಮರಳಲೇ? (ಉಪನ್ಯಾಸಕಿ, ಕುಷ್ಟಗಿ)

ಬೇಡ. ಆದರೆ ಅವರ ದೂರನ್ನು ಸೋಮಾರಿತನ ಎಂದೂ ತಳ್ಳಿಹಾಕಬೇಡಿ. 2019ರಲ್ಲಿ ಹಾರ್ವರ್ಡ್‌ನ ಭೌತಶಾಸ್ತ್ರ ತರಗತಿಗಳಲ್ಲಿ ಇದನ್ನೇ ನೋಡಿದರು: ನಯವಾದ ಉಪನ್ಯಾಸ ಕೇಳಿದವರಿಗೆ ತಾವು ಹೆಚ್ಚು ಕಲಿತೆವು ಅನ್ನಿಸಿತ್ತು, ಟೆಸ್ಟಿನಲ್ಲಿ ಹೆಚ್ಚು ಅಂಕ ಬಂದದ್ದು ಕೈಯಾರೆ ಮಾಡಿದವರಿಗೆ. ತಲೆ ತಿಣುಕಿದಾಗ ‘ನನಗೆ ಬರ್ತಿಲ್ಲ’ ಅನ್ನಿಸುವುದು ಸಹಜ. ವಿಜ್ಞಾನ, ಎಂಜಿನಿಯರಿಂಗ್, ಗಣಿತ ಪಾಠಗಳ 225 ಅಧ್ಯಯನಗಳನ್ನು 2014ರಲ್ಲಿ ಒಟ್ಟುಗೂಡಿಸಿದಾಗ ಬರೀ ಉಪನ್ಯಾಸದ ತರಗತಿಗಳಲ್ಲಿ ನಪಾಸಾದವರು ಸುಮಾರು ಶೇ. 34, ವಿದ್ಯಾರ್ಥಿಗಳನ್ನು ತೊಡಗಿಸಿದ ಕಡೆ ಸುಮಾರು ಶೇ. 22.

ತಪ್ಪು ಬೇರೆ ಕಡೆ ಇರಬಹುದು. ಚರ್ಚೆ ಮುಗಿದ ಮೇಲೆ ಸರಿಯುತ್ತರವನ್ನು ನೀವು ಬೋರ್ಡ್ ಮೇಲೆ ಕಟ್ಟಿ ತೋರಿಸುತ್ತೀರಾ? ಹಲವರು ಗಂಟೆ ಬಾರಿಸಿತೆಂದು ಅದನ್ನೇ ಬಿಡುತ್ತಾರೆ. ಆಗ ಹುಡುಗರ ನೋಟ್‌ಬುಕ್ಕಿನಲ್ಲಿ ಓದಿಕೊಳ್ಳಲು ಏನೂ ಉಳಿಯುವುದಿಲ್ಲ, ದೂರು ನ್ಯಾಯವೇ ಆಗುತ್ತದೆ. ಕೊನೆಯ ಎಂಟು ನಿಮಿಷ ಅದಕ್ಕೆ ಮೀಸಲಿಡಿ. ಸೆಮಿಸ್ಟರಿನ ಮೂರನೇ ವಾರ ಒಂದು ಚಿಕ್ಕ ಟೆಸ್ಟ್ ಕೊಡಿ: ಐದು ಪ್ರಶ್ನೆ ನೀವು ಬರೀ ಹೇಳಿದ ಪಾಠದಿಂದ, ಐದು ಅವರೇ ಚರ್ಚಿಸಿದ ಪಾಠದಿಂದ. ಎರಡರ ಅಂಕವನ್ನು ಬೇರೆ ಬೇರೆಯಾಗಿ ಅವರೇ ಕೂಡಿ ನೋಡಲಿ. ನಿಮ್ಮ ಮಾತಿಗಿಂತ ಆ ಎರಡು ಸಂಖ್ಯೆಯನ್ನು ಬೇಗ ನಂಬುತ್ತಾರೆ. ಚರ್ಚೆಯ ಪಾಠದ್ದೇ ಕಡಿಮೆ ಬಂದರೆ ಮುಚ್ಚಿಡಬೇಡಿ. ಚರ್ಚೆಗೆ ಕೊಟ್ಟ ಪ್ರಶ್ನೆಗಳು ತೀರ ಸುಲಭವಿದ್ದವೇ, ಕಟ್ಟಿ ತೋರಿಸುವುದು ತಪ್ಪಿತೇ ಎಂದು ಅವರೆದುರೇ ಹುಡುಕಿ.