ಸಂಪಾದಕರ ಉತ್ತರ: ಗೊಂಬೆಗೆ ಬಣ್ಣ ಬೇಡವೇ?

ಉಡುಪಿಯ ಓದುಗರೊಬ್ಬರು ಕೇಳಿದ್ದಾರೆ: 'ಕಪ್ಪು-ಬಿಳುಪಿನ ಸ್ಟಾಪ್ ಮೋಷನ್ ಚಿತ್ರಗಳನ್ನು (ಗೊಂಬೆಯನ್ನು ಸರಿಸಿ ಸರಿಸಿ ಒಂದೊಂದೇ ಫೋಟೊ ತೆಗೆದು ಜೋಡಿಸುವ ಸಿನಿಮಾಗಳನ್ನು) ನಿಮ್ಮ ಪತ್ರಿಕೆ ಹೊಗಳಿದ್ದೇ ಹೊಗಳಿದ್ದು. ಕಂಪ್ಯೂಟರಿನಲ್ಲಿ ಏನು ಬೇಕಾದರೂ ಮಾಡಬಹುದಾದ ಕಾಲದಲ್ಲಿ ಗೊಂಬೆಗಳನ್ನು ಕೂದಲೆಳೆಯಷ್ಟು ಸರಿಸುತ್ತಾ ಕೂರುವುದು, ಸಾಲದ್ದಕ್ಕೆ ಬಣ್ಣವನ್ನೂ ಬಿಡುವುದು ಹಳೆಯದರ ಹುಚ್ಚಲ್ಲದೆ ಮತ್ತೇನು?'

ಹುಚ್ಚು ಕೆಲವರಿಗಿದೆ. ಕಥೆಯಲ್ಲಿ ಸತ್ವವಿಲ್ಲದಾಗ ಕಪ್ಪು-ಬಿಳುಪಿನ ಗಾಂಭೀರ್ಯ ಹೊದಿಸಿ ಪಾರಾಗುವವರೂ ಇದ್ದಾರೆ. ಆದರೆ ಎಲ್ಲರನ್ನೂ ಆ ಸಾಲಿಗೆ ಸೇರಿಸಬೇಡಿ.

ಯಕ್ಷಗಾನದ ಬಣ್ಣದ ವೇಷದ ಹಳೆಯ ಕಪ್ಪು-ಬಿಳುಪು ಫೋಟೊ ಸಿಕ್ಕಿದರೆ ನೋಡಿ. ಮುಖದ ಕೆಂಪು, ಹಸಿರುಗಳು ಬೂದಿನಲ್ಲಿ ಬೆರೆತುಹೋಗಿರುತ್ತವೆ. ಮುಖದ ಮೇಲೆ ಮುಳ್ಳುಮುಳ್ಳಾಗಿ ಇಡುವ ಅಕ್ಕಿಹಿಟ್ಟಿನ ಚಿಟ್ಟಿ ಮಾತ್ರ ಒಂದೊಂದು ಮುಳ್ಳೂ ಎಣಿಸುವಷ್ಟು ಎದ್ದು ನಿಂತಿರುತ್ತದೆ. ಗೊಂಬೆಯ ಚಿತ್ರದಲ್ಲೂ ಇದೇ ಆಗುತ್ತದೆ. ಟಿಮ್ ಬರ್ಟನ್ ಅವರ 2012ರ 'ಫ್ರಾಂಕೆನ್‌ವೀನಿ'ಯಲ್ಲಿ ಸತ್ತ ನಾಯಿಯನ್ನು ಹುಡುಗನೊಬ್ಬ ಮಿಂಚಿನ ಬಲದಿಂದ ಬದುಕಿಸುತ್ತಾನೆ. ಬಣ್ಣವಿಲ್ಲದ್ದರಿಂದ ನಮ್ಮ ಕಣ್ಣು ನೇರವಾಗಿ ಅದರ ಮೈಮೇಲಿನ ಹೊಲಿಗೆಗೆ ಹೋಗುತ್ತದೆ. ಕರುಣೆ ಹುಟ್ಟುವುದೂ ಆ ಹೊಲಿಗೆಯಿಂದಲೇ.

ಇನ್ನು ಕೈಕೆಲಸದ ಮಾತು. ಸಿನಿಮಾಕ್ಕೆ ಸೆಕೆಂಡಿಗೆ 24 ಫ್ರೇಮು, ಅಂದರೆ 24 ಬಿಡಿ ಚಿತ್ರಗಳು ಬೇಕು. ಒಂದೊಂದು ಭಂಗಿಯನ್ನು ಎರಡೆರಡು ಫ್ರೇಮಿಗೆ ಬಳಸಿದರೂ ಒಂದು ನಿಮಿಷಕ್ಕೆ 720 ಭಂಗಿಗಳು. ಪ್ರತಿ ಸಲವೂ ಕ್ಯಾಮೆರಾ ಹಿಡಿಯುವುದು ಅಲುಗದೆ ನಿಂತ ಗೊಂಬೆಯನ್ನು. ಆದ್ದರಿಂದ ಓಡುವ ಕಾಲು ಕೂಡ ಮಸುಕಾಗುವುದಿಲ್ಲ, ನಡಿಗೆಯಲ್ಲೊಂದು ಸಣ್ಣ ಕಂಪನ ಉಳಿಯುತ್ತದೆ. 1933ರ 'ಕಿಂಗ್ ಕಾಂಗ್' ನೋಡಿದವರು ಆ ಗೊರಿಲ್ಲಾದ ರೋಮ ತಾನಾಗಿ ಅಲುಗಾಡುವುದನ್ನು ಗಮನಿಸಿರುತ್ತಾರೆ. ವಿಲ್ಲಿಸ್ ಓಬ್ರಿಯನ್ ಅವರ ತಂಡ ಗೊಂಬೆಯನ್ನು ಮುಟ್ಟಿ ಸರಿಸಿದಾಗಲೆಲ್ಲ ಅದಕ್ಕೆ ಹೊದಿಸಿದ್ದ ಮೊಲದ ತುಪ್ಪಳ ಕೆದರುತ್ತಿತ್ತು. ತಂತ್ರದ ಲೆಕ್ಕದಲ್ಲಿ ಅದು ದೋಷ. ನನಗಂತೂ ಇಡೀ ಚಿತ್ರದಲ್ಲಿ ಅದಕ್ಕಿಂತ ಜೀವಂತವಾದದ್ದು ಕಾಣಲಿಲ್ಲ. ಕಂಪ್ಯೂಟರ್ ಈ ಕೆದರಿದ ರೋಮವನ್ನೂ ಮಾಡಿಕೊಡಬಲ್ಲದು, ನಿಜ. ಯಾರಾದರೂ ಹೇಳಿದರೆ ಮಾತ್ರ. ಇಲ್ಲಿ ಯಾರೂ ಹೇಳಿರಲಿಲ್ಲ.

ಬಣ್ಣ ಬಿಟ್ಟವರು ಬಣ್ಣದ ವೈರಿಗಳೂ ಅಲ್ಲ. ಆ್ಯಡಮ್ ಎಲಿಯಟ್ ಅವರ 'ಮೇರಿ ಆ್ಯಂಡ್ ಮ್ಯಾಕ್ಸ್'ನಲ್ಲಿ (2009) ಹುಡುಗಿ ಮೇರಿಯ ಮೆಲ್ಬರ್ನ್ ಕಂದು, ಅವಳ ಪತ್ರಮಿತ್ರ ಮ್ಯಾಕ್ಸ್‌ನ ನ್ಯೂಯಾರ್ಕ್ ಬೂದು. ಆ ಬೂದಿನ ನಡುವೆ ಒಂಟಿ ಮ್ಯಾಕ್ಸ್‌ನ ತಲೆಯ ಮೇಲೆ, ಮೇರಿ ಕಳಿಸಿದ ಕೆಂಪು ಉಣ್ಣೆಯ ಕುಚ್ಚು. ಕೆಂಪನ್ನು ಅಷ್ಟು ಜಿಪುಣತನದಿಂದ ಖರ್ಚು ಮಾಡಿದ್ದಕ್ಕೇ ಅದಕ್ಕೆ ಅಷ್ಟು ಬೆಲೆ.

ಉಡುಪಿಯಿಂದ ಮಂಗಳೂರಿಗೆ ಬರುವ ಎಕ್ಸ್‌ಪ್ರೆಸ್ ಬಸ್ಸಿನ ಕಿಟಕಿ ಪಕ್ಕ ಕುಳಿತು, ಮೊಬೈಲಿನಲ್ಲಿ ಅರ್ಧ ಚಿತ್ರ ನೋಡಿ ಬೇಸರಪಟ್ಟೆ ಎಂದೂ ಬರೆದಿದ್ದೀರಿ. ನಮ್ಮ ಕರಾವಳಿಯ ಮಧ್ಯಾಹ್ನದ ಬಿಸಿಲಿನಲ್ಲಿ ಯಾವ ಬೂದು ಛಾಯೆ ಕಂಡೀತು? ಉಳಿದರ್ಧವನ್ನು ರಾತ್ರಿ, ಮನೆಯ ದೀಪ ಆರಿಸಿ, ಟಿವಿಯಲ್ಲಿ ನೋಡಿ. ಆಮೇಲೂ ಬೇಸರವೇ ಆದರೆ ಇನ್ನೊಂದು ಪತ್ರ ಬರೆಯಿರಿ, ಪ್ರಕಟಿಸುತ್ತೇನೆ.