ಜಾತಿ ಲೆಕ್ಕ ಒಂದೇ ಸಾಕೇ, ಮೇಷ್ಟ್ರೇ?

ಓದುಗರ ಪತ್ರ: ಕಳೆದ ಸಂಚಿಕೆಯಲ್ಲಿ ಒಂದು ಗ್ರಾಮ ಪಂಚಾಯಿತಿಯ ರಾಜಕೀಯವನ್ನು ಜನರಿಗೆ ಚುಕ್ಕಿ, ಅವರ ನಂಟಿಗೆ ಗೆರೆ ಹಾಕಿ ಬಿಡಿಸಿ ತೋರಿಸಿದ ಲೇಖನ ಓದಿದೆ. ಚುಕ್ಕಿಯಿಟ್ಟು ಗೆರೆ ಎಳೆಯುವುದನ್ನು ನಮ್ಮೂರ ಹೆಣ್ಣುಮಕ್ಕಳು ದಿನಾ ಬೆಳಗ್ಗೆ ಬಾಗಿಲಲ್ಲಿ ಮಾಡುತ್ತಾರೆ. ಯಾವ ಜಾತಿಯ ಓಟು ಎಷ್ಟು, ಯಾರ ಕೈಯಲ್ಲಿ ದುಡ್ಡೆಷ್ಟು, ಇವೆರಡು ಗೊತ್ತಿದ್ದರೆ ನಮ್ಮ ಕಡೆಯ ರಾಜಕೀಯ ಗೊತ್ತಾದಂತೆ. ಅಲ್ಲದೆ ಯಾರಿಗೆ ಯಾರು ಬೇಕಾದವರು ಎಂದು ಪಟ್ಟಿ ಮಾಡಿಟ್ಟರೆ ಅದನ್ನು ಬಳಸಿಕೊಳ್ಳುವವರು ಪಕ್ಷಗಳವರೇ.
ಒಬ್ಬ ನಿವೃತ್ತ ಶಿಕ್ಷಕ, ಆಲೂರು

ಸಂಪಾದಕರ ಉತ್ತರ:

ಮೇಷ್ಟ್ರೇ, ಜಾತಿ ನಡೆಯುತ್ತದೆ, ದುಡ್ಡೂ ನಡೆಯುತ್ತದೆ. ಅದನ್ನು ಅಲ್ಲಗಳೆಯುವವರು ಹಾಸನ ಜಿಲ್ಲೆಯ ಒಂದು ಚುನಾವಣೆಯನ್ನೂ ಹತ್ತಿರದಿಂದ ನೋಡಿರಲಾರರು. ಆದರೆ ಇವೆರಡೇ ಸಾಕು ಎಂದಿರಲ್ಲ, ಅಲ್ಲಿ ನಿಮಗೂ ನನಗೂ ಜಗಳ. ನಮ್ಮಲ್ಲಿ ಎದುರಾಬದುರಾಗಿ ನಿಲ್ಲುವ ಇಬ್ಬರೂ ಎಷ್ಟೋ ಸಲ ಒಂದೇ ಜಾತಿಯವರು. ಗ್ರಾಮ ಪಂಚಾಯಿತಿಗೆ ಬಂದರೆ ಪಕ್ಷದ ಚಿಹ್ನೆಯೂ ಇಲ್ಲ. ಒಂದೇ ಬೀದಿಯವರು, ಹೆಚ್ಚುಕಡಿಮೆ ಅಷ್ಟಷ್ಟೇ ಜಮೀನಿನವರು ನಿಂತು, ಒಬ್ಬ ಗೆದ್ದು ಇನ್ನೊಬ್ಬ ಸೋತರೆ ನಿಮ್ಮ ಲೆಕ್ಕ ಏನೆಂದು ಉತ್ತರ ಕೊಡುತ್ತದೆ?

ಪಕ್ಕದ ಚಿಕ್ಕಮಗಳೂರನ್ನೇ ನೋಡಿ. 1977ರಲ್ಲಿ ರಾಯ್‌ಬರೇಲಿಯಲ್ಲಿ ಸೋತ ಇಂದಿರಾ ಗಾಂಧಿಗಾಗಿ ಡಿ.ಬಿ. ಚಂದ್ರೇಗೌಡರು ಸ್ಥಾನ ತೆರವು ಮಾಡಿದರು. 1978ರ ನವೆಂಬರಿನ ಉಪಚುನಾವಣೆಯಲ್ಲಿ ಎದುರಾಳಿ ಮಾಜಿ ಮುಖ್ಯಮಂತ್ರಿ ವೀರೇಂದ್ರ ಪಾಟೀಲರು. ಅವರ ಸಮುದಾಯದವರು ಆ ಕ್ಷೇತ್ರದಲ್ಲಿದ್ದರು. ಇಂದಿರಾ ಅವರಿಗೆ ಅಲ್ಲಿ ಜಾತಿಯವರೂ ಇಲ್ಲ, ನೆಂಟರೂ ಇಲ್ಲ. ಆದರೂ 70 ಸಾವಿರಕ್ಕೂ ಹೆಚ್ಚು ಮತಗಳಿಂದ ಗೆದ್ದರು. ಅದಕ್ಕೆ ದೇವರಾಜ ಅರಸರ ಭೂಸುಧಾರಣೆ ಕಾರಣ, ಇಂದಿರಾ ಎಂಬ ಹೆಸರಿನ ಪ್ರಭಾವ ಕಾರಣ ಎನ್ನುತ್ತಾರೆ. ಸರಿಯೇ. ಆದರೆ ಆ ಹೆಸರು ಕಾಫಿ ತೋಟದ ಲೈನ್ ಮನೆಗಳವರೆಗೆ ಯಾರ ಬಾಯಲ್ಲಿ ಹೋಯಿತು? ಯಾವ ಮೇಸ್ತ್ರಿ, ಯಾವ ರೈಟರು, ಸಂತೆಯ ಯಾವ ಅಂಗಡಿಯವನು? ನಾನು ಓದಿದ ಬರಹಗಳಲ್ಲಿ ದೊಡ್ಡವರ ಭಾಷಣಗಳಿವೆ, ಇವರು ಯಾರೂ ಇಲ್ಲ.

ಈ ‘ಯಾರ ಮೂಲಕ’ ಎಂಬ ಪ್ರಶ್ನೆಯನ್ನು ಶಿಸ್ತಾಗಿ ಕೇಳುವುದಕ್ಕೇ ಸಾಮಾಜಿಕ ಜಾಲ ವಿಶ್ಲೇಷಣೆ ಎನ್ನುತ್ತಾರೆ. ಫೇಸ್‌ಬುಕ್, ವಾಟ್ಸಾಪ್ ಹುಟ್ಟುವ ಎಷ್ಟೋ ಮೊದಲಿನ ವಿದ್ಯೆ ಇದು. ಮನುಷ್ಯರು ಚುಕ್ಕಿಗಳು. ಅವರ ನಡುವಿನ ಬೀಗತನ, ಸಾಲ, ವ್ಯಾಪಾರ, ಸ್ನೇಹ ಗೆರೆಗಳು.

ಇದರಿಂದ ಏನು ಕಂಡೀತು ಎಂಬುದಕ್ಕೆ ಇಟಲಿಯ ಫ್ಲಾರೆನ್ಸ್ ನಗರದ ಕಥೆ ನನಗೆ ಬಹಳ ಇಷ್ಟ. 1427ರ ತೆರಿಗೆ ದಾಖಲೆಯ ಪ್ರಕಾರ ಆ ಊರಿನ ಅತಿ ದೊಡ್ಡ ಶ್ರೀಮಂತ ಪಲ್ಲಾ ಸ್ಟ್ರೋಜ್ಜಿ. ಆದರೆ ಅಧಿಕಾರ ಹೋಗಿ ಸೇರಿದ್ದು ಮೆಡಿಚಿ ಮನೆತನಕ್ಕೆ. 1433ರಲ್ಲಿ ಗಡೀಪಾರಾದ ಕೊಸಿಮೊ ಮೆಡಿಚಿ ಮರುವರ್ಷವೇ ಮರಳಿ ಬಂದು ಊರನ್ನು ಹಿಡಿತಕ್ಕೆ ತೆಗೆದುಕೊಂಡ. ಜಾನ್ ಪ್ಯಾಜೆಟ್ ಮತ್ತು ಕ್ರಿಸ್ಟೋಫರ್ ಆನ್ಸೆಲ್ ಎಂಬ ಇಬ್ಬರು ವಿದ್ವಾಂಸರು ಆ ಕಾಲದ ಮದುವೆ, ವ್ಯಾಪಾರಗಳ ದಾಖಲೆ ತೆಗೆದು ಮನೆತನಗಳ ನಡುವಿನ ಗೆರೆಗಳನ್ನು ಎಳೆದರು. 1993ರಲ್ಲಿ ಪ್ರಕಟವಾದ ಅವರ ಲೇಖನ ಹೇಳುವುದು ಇಷ್ಟು: ಮೆಡಿಚಿಗಳು ಬೀಗತನ ಬೆಳೆಸಿದ್ದು ಬೇರೆ ಕೇರಿಗಳ ಹಳೆಯ ಮನೆತನಗಳ ಜೊತೆ, ವ್ಯವಹಾರ ಬೆಳೆಸಿದ್ದು ತಮ್ಮದೇ ಕೇರಿಯ ಹೊಸಬರ ಜೊತೆ. ಈ ಎರಡು ಗುಂಪಿಗೂ ಪರಸ್ಪರ ಮಾತಿಲ್ಲ, ಮೆಡಿಚಿಗಳ ಮೂಲಕವೇ ಎಲ್ಲ. ವಿರೋಧಿಗಳೋ ಒಬ್ಬರಿಗೊಬ್ಬರು ಬೀಗರು, ಎಲ್ಲರೂ ಸರಿಸಮಾನರು, ಆದ್ದರಿಂದ ಯಾರ ಮಾತನ್ನೂ ಯಾರೂ ಕೇಳಲಿಲ್ಲ. ದುಡ್ಡೇ ಸಾಕು ಎನ್ನುವ ನಿಮ್ಮ ಲೆಕ್ಕದಲ್ಲಿ ಸ್ಟ್ರೋಜ್ಜಿ ಗೆಲ್ಲಬೇಕಿತ್ತಲ್ಲವೇ?

ಫ್ಲಾರೆನ್ಸ್ ದೂರವಾಯಿತು ಎನ್ನುತ್ತೀರಿ. ಅರಕಲಗೂಡು ಕಡೆಯ ನನ್ನ ಪರಿಚಯದ ಹುಡುಗನೊಬ್ಬ ತನ್ನ ಪಂಚಾಯಿತಿಯಲ್ಲಿ ಇದೇ ಕೆಲಸ ಮಾಡಿದ. ಹಾಲಿನ ಡೈರಿಯ ನಿರ್ದೇಶಕರು, ಸೊಸೈಟಿ ನಿರ್ದೇಶಕರು, ಶಾಲೆಯ ಮೇಲುಸ್ತುವಾರಿ ಸಮಿತಿ (ಎಸ್‌ಡಿಎಂಸಿ), ಜಾತ್ರೆಯ ಸಮಿತಿ, ಹೀಗೆ ಹೆಸರು ಕಲೆಹಾಕಿ ಗೆರೆ ಎಳೆದ. ಯಜಮಾನರ ಮನೆಗಳು ನಡುವೆ ಬರುತ್ತವೆ ಎಂದು ಅವನೂ ಅಂದುಕೊಂಡಿದ್ದ. ಬಂದದ್ದು ಯಾವ ಸಮಿತಿಯಲ್ಲೂ ಇಲ್ಲದ ಒಬ್ಬ ಮನುಷ್ಯ, ಡೈರಿಯ ಪರವಾಗಿ ಹಸುಗಳಿಗೆ ಕೃತಕ ಗರ್ಭಧಾರಣೆ ಮಾಡುವವನು. ಗೌಡರ ಕೊಟ್ಟಿಗೆಗೂ ಹೋಗುತ್ತಾನೆ, ಕಾಲೊನಿಯ ಕೊಟ್ಟಿಗೆಗೂ ಹೋಗುತ್ತಾನೆ. ರಾತ್ರಿ ಹತ್ತಕ್ಕೆ ಫೋನ್ ಮಾಡಿದರೂ ಬರುತ್ತಾನೆ. ಪಂಚಾಯಿತಿ ಚುನಾವಣೆ ಬಂದಾಗ ಎರಡೂ ಕಡೆಯವರು ಮೊದಲು ಮೆಟ್ಟಿಲು ಹತ್ತುವುದು ಅವನ ಮನೆಯದು. ಹೀಗೆ ಇಬ್ಬರ ನಡುವಿನ ದಾರಿಯಲ್ಲಿ ಮತ್ತೆ ಮತ್ತೆ ಸಿಗುವ ಮನುಷ್ಯನ ಸ್ಥಾನವನ್ನು ಅಳೆಯುವ ಬಗೆಯನ್ನು ಸಮಾಜಶಾಸ್ತ್ರಜ್ಞ ಲಿಂಟನ್ ಫ್ರೀಮನ್ 1977ರಲ್ಲೇ ಲೆಕ್ಕ ಕಟ್ಟಿ ಕೊಟ್ಟರು. ಜಾತಿಪಟ್ಟಿಯಲ್ಲಿ ಈ ಮನುಷ್ಯ ಒಂದು ಓಟು, ಅಷ್ಟೇ.

ಇನ್ನೊಂದು ಮಾತು ನೇರವಾಗಿ ನಿಮ್ಮ ತಾಲ್ಲೂಕಿಗೇ ತಟ್ಟುವಂಥದು. ಅಮೆರಿಕದ ಸಮಾಜಶಾಸ್ತ್ರಜ್ಞ ಮಾರ್ಕ್ ಗ್ರಾನೊವೆಟರ್ 1973ರಲ್ಲಿ ಬರೆದ ಲೇಖನದಲ್ಲಿ ಬಾಸ್ಟನ್ ನಗರದ ವೆಸ್ಟ್ ಎಂಡ್ ಎಂಬ ಬಡಾವಣೆಯ ಪ್ರಸ್ತಾಪವಿದೆ. ನಗರ ನವೀಕರಣದ ಹೆಸರಲ್ಲಿ ಅದನ್ನು ಕೆಡವಿದಾಗ ಅಲ್ಲಿನವರು ಒಟ್ಟಾಗಿ ನಿಲ್ಲಲಾಗಲಿಲ್ಲ. ಒಗ್ಗಟ್ಟಿರಲಿಲ್ಲ ಎಂದಲ್ಲ. ಪ್ರತಿ ಗುಂಪಿನೊಳಗೂ ಬಿಗಿಯಾದ ನಂಟಿತ್ತು, ಗುಂಪಿನಿಂದ ಗುಂಪಿಗೆ ದಾಟಿಸುವ ಬರೀ ಮುಖಪರಿಚಯದ ಕೊಂಡಿಗಳಿರಲಿಲ್ಲ ಎಂಬುದು ಅವರ ವಾದ. ಓದಿದಾಗ ನನಗೆ ನೆನಪಾದದ್ದು ಆಲೂರು, ಸಕಲೇಶಪುರ, ಬೇಲೂರು ಕಡೆಯ ಕಾಡಾನೆ ಹಾವಳಿ. ಎಷ್ಟು ರಸ್ತೆ ತಡೆ ಆಯಿತು, ಎಷ್ಟು ಮನವಿ ಕೊಟ್ಟಾಯಿತು! ತೋಟದ ಮಾಲೀಕರದೊಂದು ಸಭೆ, ಕೂಲಿ ಕಾರ್ಮಿಕರದೊಂದು, ಭತ್ತದ ಗದ್ದೆಯವರದು ಇನ್ನೊಂದು. ಮೂವರೂ ಕಳೆದುಕೊಳ್ಳುತ್ತಿರುವುದು ಅದೇ ಆನೆಗಳಿಂದ. ಈ ಸಭೆಯಿಂದ ಆ ಸಭೆಗೆ ಹೋಗಿ ಕೂರಬಲ್ಲವರು ಎಷ್ಟು ಜನ, ಯಾರು ಎಂದು ಬರೆದಿಟ್ಟರೆ ಮುಂದಿನ ಹೋರಾಟಕ್ಕೆ ಅದಕ್ಕಿಂತ ಉಪಯೋಗದ ಕಾಗದ ಇದೆಯೇ?

ಪಕ್ಷಗಳವರು ಬಳಸಿಕೊಳ್ಳುತ್ತಾರೆ ಎಂಬ ನಿಮ್ಮ ಆತಂಕ ನ್ಯಾಯವಾದದ್ದು. ಆದರೆ ಅವರು ನಮ್ಮ ಲೇಖನಕ್ಕಾಗಿ ಕಾದು ಕೂತಿಲ್ಲ. ಮತದಾರರ ಪಟ್ಟಿಯ ಪುಟಕ್ಕೊಬ್ಬ ಪ್ರಮುಖನನ್ನು ನೇಮಿಸುವುದು ಈಗ ಹೊಸದೇನಲ್ಲ. ಯಾವ ಮನೆಗೆ ಯಾರನ್ನು ಕಳಿಸಬೇಕು ಎಂಬುದು ಬೂತಿನ ಏಜೆಂಟಿಗೆ ಬಾಯಿಪಾಠ. ಓಟು ಕೇಳುವವರ ಹತ್ತಿರ ನಕ್ಷೆ ಇದೆ, ಹಾಕುವವರ ಹತ್ತಿರ ಇಲ್ಲ. ನನಗೆ ಸಿಟ್ಟು ಬರುವುದು ಇದಕ್ಕೆ.

ಪತ್ರಿಕೆಯವರಾದ ನಮ್ಮ ಪಾಲೂ ಇದರಲ್ಲಿ ದೊಡ್ಡದು. ಚುನಾವಣೆ ಬಂತೆಂದರೆ ಟೀವಿಯಲ್ಲಿ, ಪತ್ರಿಕೆಯಲ್ಲಿ ಕ್ಷೇತ್ರಕ್ಕೊಂದು ಜಾತಿಪಟ್ಟಿ. ಆ ಅಂಕಿ ಎಲ್ಲಿಂದ ಬಂತೆಂದು ಕೇಳುವವರಿಲ್ಲ. ಬೆಂಗಳೂರಿಂದ ಬಂದ ವರದಿಗಾರ ಹೋಟೆಲಿನಲ್ಲಿ ನಾಲ್ಕು ಜನರನ್ನು ಮಾತಾಡಿಸಿ ಸಂಜೆಗೆ ವಾಪಸ್. ಕಾಲೇಜುಗಳ ಸ್ಥಿತಿ ಇನ್ನೂ ಬೇಸರದ್ದು. ರಾಜ್ಯಶಾಸ್ತ್ರದ ಹುಡುಗರು ಮ್ಯಾಕಿಯವೆಲ್ಲಿಯ ಮೇಲೆ ಹತ್ತು ಅಂಕದ ಉತ್ತರ ಉರು ಹೊಡೆಯುತ್ತಾರೆ. ಅವನು ಅದೇ ಫ್ಲಾರೆನ್ಸಿನವನು, ಆ ಊರು ಮೆಡಿಚಿಗಳ ಕೈಗೆ ಹೋದದ್ದು ಹೇಗೆಂದು ಯಾರೂ ಅವರಿಗೆ ಹೇಳುವುದಿಲ್ಲ. ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸ್ 1948ರಲ್ಲಿ ಮೈಸೂರು ಸೀಮೆಯ ಒಂದು ಹಳ್ಳಿಯಲ್ಲಿ ತಿಂಗಳುಗಟ್ಟಲೆ ಇದ್ದು, ಯಾರು ಯಾರ ಆಸರೆಯಲ್ಲಿದ್ದಾರೆ, ಯಾರು ಯಾರ ಪಕ್ಷ ಎಂದು ಬರೆದುಕೊಂಡರು. ಪ್ರಬಲ ಜಾತಿ, ಅಂದರೆ ಜನಬಲ, ಜಮೀನುಗಳಿಂದ ಊರಿನಲ್ಲಿ ಮೇಲುಗೈ ಇರುವ ಜಾತಿ, ಎಂಬ ಪರಿಕಲ್ಪನೆ ಕೊಟ್ಟವರೇ ಜಾತಿಯ ತಲೆಯೆಣಿಕೆಗೆ ನಿಲ್ಲಲಿಲ್ಲ, ಮೇಷ್ಟ್ರೇ. ಹಳ್ಳಿಗಳಿಂದಲೇ ಬರುವ ನಮ್ಮ ಹುಡುಗರನ್ನು ನಾವು ಒಂದು ವಾರ ಅವರದೇ ಊರಿಗೆ ನೋಟ್‌ಬುಕ್ ಕೊಟ್ಟು ಕಳಿಸುವುದಿಲ್ಲ.

ದಾಖಲೆಗೇನೂ ಬರವಿಲ್ಲ. ಸೊಸೈಟಿಯ ಮಹಾಸಭೆಯ ವರದಿ ಪ್ರತಿ ವರ್ಷ ಅಚ್ಚಾಗುತ್ತದೆ. ಜಾತ್ರೆಯ ಕರಪತ್ರದ ಕೆಳಗೆ ಹೆಸರುಗಳ ಸಾಲೇ ಇರುತ್ತದೆ. ಮದುವೆ ಮನೆಗಳ ಮುಯ್ಯಿ ಪುಸ್ತಕಗಳು ಪೆಟ್ಟಿಗೆಗಳಲ್ಲಿ ಕೂತಿವೆ. ಯಾರು ಯಾರಿಗೆ ಎಷ್ಟು ಬರೆದರು, ಯಾವ ವರ್ಷ ಬರೆಯುವುದು ನಿಲ್ಲಿಸಿದರು ಎಲ್ಲವೂ ಅದರಲ್ಲಿದೆ.

ಆಲೂರಿನಲ್ಲಿ ಮೇಷ್ಟ್ರಾಗಿದ್ದ ನಿಮಗೆ ಎಲ್ಲ ಕೇರಿಯ ಬಾಗಿಲೂ ತೆರೆಯುತ್ತದೆ. ನಿಮ್ಮ ಒಂದು ಪಂಚಾಯಿತಿ ಆರಿಸಿಕೊಂಡು ಈ ಪಟ್ಟಿಗಳನ್ನು ಜೋಡಿಸಿ ನೋಡಿ. ಮುಯ್ಯಿ ಪುಸ್ತಕವನ್ನು ಮಾತ್ರ ಮನೆಯವರ ಒಪ್ಪಿಗೆಯಿಲ್ಲದೆ ಮುಟ್ಟಬೇಡಿ. ಹೆಸರುಗಳ ಬದಲು ಸಂಖ್ಯೆ ಹಾಕಿ, ಹೆಸರಿನ ಹಾಳೆ ನಿಮ್ಮ ಹತ್ತಿರವೇ ಇರಲಿ. ಜಾತಿಯ ಕಾಲಂ ಕೂಡ ಇಡಿ, ನಿಮ್ಮ ವಾದ ಎಷ್ಟು ದೂರ ನಡೆಯುತ್ತದೆ ಎಂಬುದು ಅಲ್ಲೇ ಕಾಣುತ್ತದೆ. ನಿಮ್ಮ ಮಾತೇ ಗೆದ್ದರೂ ಅದನ್ನು ಪೂರ್ತಿ ಅಚ್ಚು ಹಾಕುತ್ತೇನೆ.